ಗೇಟು ಎತ್ತಿದವರು

ಅವರ ಕನ್ನಡಕದ ಒಂದು ಕಡ್ಡಿ ಮುರಿದಿತ್ತು. ಅದರ ಬದಲು ಕೆಂಪು ದಾರ ಕಟ್ಟಿ ಕಿವಿಗೆ ಸುತ್ತಿಕೊಳ್ಳುತ್ತಿದ್ದರು. ಹುಣಸಗಿ ಹತ್ತಿರದ ನಮ್ಮೂರಲ್ಲಿ ಪಕ್ಕದ ಮನೆಯವರು, ನನಗೆ ಕಾಕಾ. ಹದಿನೇಳು ವರ್ಷ ಟಿವಿಯ ಭಾನುವಾರದ ಹಾಸ್ಯ ಕಾರ್ಯಕ್ರಮಕ್ಕೆ ಬರೆದರು. ಕೊನೆಯಲ್ಲಿ ಅವರ ಹೆಸರು ಬರುವಷ್ಟರಲ್ಲಿ ಊರು ಟಿವಿ ಆರಿಸಿರುತ್ತಿತ್ತು.

ಕಂಡದ್ದನ್ನಷ್ಟೇ ಬರೆಯುವುದು ಅವರ ಪದ್ಧತಿ. "ಸುಳ್ಳಿಗೆ ಮಂದಿ ನಗೂದಿಲ್ಲವ್ವಾ" ಎನ್ನುತ್ತಿದ್ದರು. ಹಾಗಾಗಿ ಅವರ ಮುಂದೆ ಎಲ್ಲರೂ ಹುಷಾರಾಗಿ ಮಾತಾಡುತ್ತಿದ್ದರು. ನಾನು ಡೈರಿಯಲ್ಲಿ ಲೆಕ್ಕ ಇಟ್ಟಿದ್ದೆ: ಕ್ಷೌರದಂಗಡಿಯಿಂದ ಎತ್ತಿದ್ದು ನಾಲ್ಕು ಪ್ರಸಂಗ, ಹಿಟ್ಟಿನ ಗಿರಣಿಯಿಂದ ಆರು, ನಮ್ಮ ಮನೆಯಿಂದ ಸೊನ್ನೆ. ಆ ಸೊನ್ನೆಯ ಮೇಲೆಯೇ ನನಗೆ ಅನುಮಾನ.

ಆ ಬೇಸಿಗೆ ಕಾಲುವೆಯ ಕೊನೆಗಿದ್ದ ನಮ್ಮ ಭತ್ತದ ಗದ್ದೆಗೆ ನೀರು ಮುಟ್ಟಲಿಲ್ಲ. ಒಂದು ಬುಧವಾರ ಬೆಳಿಗ್ಗೆ ಅವ್ವ ಬೇರೆಯವರ ಪಾಳಿಯಲ್ಲಿ ಗೇಟು ಎತ್ತಿ ನಮ್ಮ ಗದ್ದೆಗೆ ನೀರು ಬಿಟ್ಟುಕೊಂಡಳು. ಯಾರಿಗೆ ಯಾವ ದಿನ ನೀರು ಎಂದು ಪಾಳಿ ಹಚ್ಚುತ್ತಿದ್ದವಳು ಅವ್ವನೇ; ರೈತರು ಜಗಳವಿಲ್ಲದೆ ಒಪ್ಪುತ್ತಿದ್ದುದು ಅವಳ ಮಾತನ್ನು. ತಿರುಗಿ ನೋಡಿದರೆ ದಂಡೆಯ ಮೇಲೆ ಕಾಕಾ ನಿಂತಿದ್ದರಂತೆ. ಕನ್ನಡಕದ ದಾರ ಸರಿಮಾಡಿಕೊಂಡು ಹೋದರಂತೆ.

"ಟಿವಿಗೆ ಹಾಕ್ತಾರ ಬಿಡು. ಇನ್ನ ನನ್ನ ಮಾತ ಯಾರ್ ಕೇಳ್ತಾರ?" ಎಂದಳು ಅವ್ವ.

ನಾನೇ ಹೋಗಿ ಕೇಳಿದೆ. "ಕಾಕಾ, ಬುಧವಾರ ಮುಂಜಾನಿ ಏನ್ ನೋಡಿದ್ರಿ?"

"ಪೊಲೀಸ್ ನೌಕರಿಗೆ ಅರ್ಜಿ ಹಾಕೀಯೇನ?" ಎನ್ನುತ್ತ ಬರೆಯುತ್ತಿದ್ದ ಹಾಳೆಯನ್ನು ಅಂಗೈಯಿಂದ ಮುಚ್ಚಿದರು. ನನ್ನ ಅನುಮಾನ ಗಟ್ಟಿಯಾಯಿತು.

ಮೂರು ಭಾನುವಾರ ಏನೂ ಬರಲಿಲ್ಲ. ಡೈರಿಯಲ್ಲಿ ಮೂರು ಗೀಟು ಎಳೆದೆ. ನಾಲ್ಕನೆಯ ವಾರ ಟಿವಿಯಲ್ಲಿ ಕಾಲುವೆ ಬಂತು, ಗೇಟು ಬಂತು. ಅವ್ವ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಆದರೆ ಗೇಟು ಎತ್ತಿದವನು ಗಂಡಸು. ಅವನ ಕನ್ನಡಕಕ್ಕೆ ಕೆಂಪು ದಾರ.

ಕಾಕಾ ನಡೆದದ್ದನ್ನೇ ಬರೆಯುತ್ತಾರೆಂದು ಎಲ್ಲರಿಗೂ ಗೊತ್ತಲ್ಲ. "ತಾನ ಮಾಡಿ ತಾನ ಒಪ್ಕೊಂಡಾನ ನೋಡ್ರಿ" ಎಂದು ಊರು ತೀರ್ಮಾನಿಸಿತು. ಚಹಾದಂಗಡಿಯವನು, "ಕಾಕಾ ಬಂದ್ರು, ಕೊಡ ಮುಚ್ರಿ" ಎಂದರೆ, ಕಾಕಾ "ಮುಚ್ಚು ಮುಚ್ಚು, ನಿನ್ನ ಚಹಾದಾಗ ಮೊದಲ ನೀರ ಜಾಸ್ತಿ" ಎನ್ನುತ್ತಿದ್ದರು.

ಅವ್ವ ತಡೆಯಲಾರದೆ ಅವರ ಮನೆಗೆ ಹೋದಳು. "ಅಣ್ಣಾರ, ನಾ ಖರೇ ಹೇಳಿಬಿಡ್ತೀನ್ರಿ."

"ಬ್ಯಾಡ ತಂಗಿ. ನಾ ಸುಳ್ಳ ಬರದೀನಂತ ಗೊತ್ತಾದ್ರ ನನ್ನ ಹೊಟ್ಟಿಪಾಡ ಹೋಗತೈತಿ."

ಹೋದ ವರ್ಷ ಕಾಕಾ ತೀರಿಕೊಂಡರು. ಅಂಗಳದಲ್ಲಿ ಕೂತಿದ್ದ ಹಿರಿಯರೊಬ್ಬರು, "ಭಾಳ ಚಲೋ ಮನಷ್ಯಾ. ಆ ನೀರಿಂದೊಂದ ತಪ್ಪು ಮಾಡಿದ್ದ" ಎಂದರು. ಅವ್ವ ಎದ್ದು ನಿಂತು, ಎಲ್ಲರಿಗೂ ಕೇಳುವಂತೆ, "ಗೇಟ್ ಎತ್ತಿದಾಕಿ ನಾನ್ರಿ" ಎಂದಳು.

ಆ ಹಿರಿಯರು ಅವಳಿಗೆ ನೀರು ಕೊಡಿಸಿ, "ಸಂಕಟದಾಗ ಏನರ ಅನಬ್ಯಾಡವ್ವಾ. ನಾವೆಲ್ಲ ಟಿವ್ಯಾಗ ನೋಡೇವಿ" ಎಂದರು.