ಕೆನ್ನೆ ಕೊಟ್ಟು ಕಲಿತ ಮೆಸಿಡೋನಿಯನ್

ನ್ಯಾಮತಿಯ ನಮ್ಮ ಮನೆಯಲ್ಲಿ ಮೆಸಿಡೋನಿಯನ್ ಕಲಿಕೆ ಶುರುವಾದದ್ದು ಸೋಮವಾರ. ಮೊದಲ ಏಟು ಬಿದ್ದದ್ದು ಮಂಗಳವಾರ. ಎರಡೂ ನನ್ನ ಡೈರಿಯಲ್ಲಿವೆ.

ನಾನೂ ಅಣ್ಣನ ಹೆಂಡತಿಯೂ ಒಂದೇ ಗಾರ್ಮೆಂಟ್ಸ್‌ನಲ್ಲಿ ಹೊಲಿಯುತ್ತಿದ್ದೆವು. ಮೆಸಿಡೋನಿಯಾದ ಹೊಲಿಗೆ ಕಾರ್ಖಾನೆಯೊಂದಕ್ಕೆ ಜೋಡಿಯಾಗಿ ಬರುವವರು ಬೇಕು, ಅಲ್ಲಿಯ ಮಾತು ಸ್ವಲ್ಪ ಬರಬೇಕು ಎಂದು ಹೊನ್ನಾಳಿಯ ಏಜೆಂಟರು ಹೇಳಿದ್ದರು. ಒಬ್ಬಳು ತಪ್ಪಿದರೆ ಇಬ್ಬರಿಗೂ ಇಲ್ಲ.

ಮೊಬೈಲಿನ ಪಾಠಗಳೆಲ್ಲ ಇಂಗ್ಲಿಷ್ ಬಲ್ಲವರಿಗಾಗಿ ಮಾಡಿದವು. ಆ ಇಂಗ್ಲಿಷನ್ನು ನಾನು ಚನ್ನಗಿರಿಯ ಶಾಲೆಯಲ್ಲಿ, ಅತ್ತಿಗೆ ಜಗಳೂರಿನ ಶಾಲೆಯಲ್ಲಿ ಒಂದೇ ರೀತಿ ಕಲಿತಿದ್ದೆವು: ಉತ್ತರ ಗೊತ್ತಿದ್ದವಳು ಗೊತ್ತಿಲ್ಲದವಳ ಮೂಗು ಹಿಡಿದು ಕೆನ್ನೆಗೆ ಬಾರಿಸಬೇಕು. ಬೇರೆ ಕ್ರಮ ನಮಗೆ ತಿಳಿದಿರಲಿಲ್ಲ.

ಮೊದಮೊದಲು ನಗುತ್ತ ಹೊಡೆದೆವು. ಆಮೇಲೆ ಏಟಿನೊಳಗೆ ಬೇರೆ ಸಿಟ್ಟುಗಳೂ ಸೇರಿಕೊಂಡವು: ತೊಳೆಯದೆ ಬಿಟ್ಟ ಪಾತ್ರೆ, ಅವಳ ತವರಿನ ಬಗ್ಗೆ ನಾನಾಡಿದ ಮಾತು. ದಾರಕ್ಕೆ ‘ಕೊನೆತ್ಸ್’ ಎನ್ನಲು ತಡವರಿಸಿದ ದಿನ ಅವಳ ಬಳೆ ತಾಗಿ ನನ್ನ ತುಟಿ ಒಡೆಯಿತು. ಮರುದಿನ ಅವಳು ಸೂಜಿಯ ಹೆಸರು ಮರೆತಳು. ನನ್ನ ಹೊಡೆತಕ್ಕೆ ಅವಳ ತಲೆ ಬಾಗಿಲ ಚೌಕಟ್ಟಿಗೆ ಬಡಿಯಿತು. ಅವ್ವ ಒಲೆ ಬಿಟ್ಟು ಓಡಿಬಂದಳು.

“ಇದ್ಯಾವ ಭಾಷೇನ್ರೇ, ರಕ್ತ ಸುರಿಸಿ ಕಲಿಯಾಕೆ?”

“ನೀವು ಸುಮ್ನಿರ್ರಿ ಅತ್ತೆ. ನಿಮ್ಮ ಮಗಳ ಬಾಯಿಗೆ ಇನ್ನೂ ದಾರ ಹತ್ತಿಲ್ಲ,” ಎಂದಳು ಅತ್ತಿಗೆ, ಹಣೆ ಒತ್ತಿಕೊಂಡೇ.

ಡೈರಿಯಲ್ಲಿ ಏಟಿಗೊಂದರಂತೆ ನಾನು ಎಳೆಯುತ್ತಿದ್ದ ಗೀಟುಗಳು ವಾರದಿಂದ ವಾರಕ್ಕೆ ಕಡಿಮೆಯಾದವು. ಪದಗಳು ಉಳಿದವು, ಬಾವೂ ಉಳಿಯಿತು.

ಹೊನ್ನಾಳಿಯ ಏಜೆಂಟರ ಕಚೇರಿಯಲ್ಲಿ ವಿಡಿಯೋ ಸಂದರ್ಶನದ ದಿನ ಪರದೆಯ ಮೇಲೆ ಕಾರ್ಖಾನೆಯ ಮೇಲ್ವಿಚಾರಕಿ ಇದ್ದಳು. ನಮಸ್ಕಾರ, ಹೆಸರು, ಊರು ಎಲ್ಲ ಸರಿಯಾಗಿ ಹೇಳಿದೆವು. ಅವಳು ದಾರದ ಉಂಡೆ ಎತ್ತಿ ಹಿಡಿದು ಇದೇನೆಂದು ನನ್ನನ್ನು ಕೇಳಿದಳು. ನಾನು ‘ಕೊ… ಕೊ…’ ಎಂದು ತಡವರಿಸಿದೆ.

“ಕೊನೆತ್ಸ್,” ಎಂದಳು ಅತ್ತಿಗೆ.

ಅಲ್ಲಿಗೆ ನಿಂತಿದ್ದರೆ ಸಾಕಿತ್ತು. ಅವಳ ಎಡಗೈ ಆಗಲೇ ನನ್ನ ಮೂಗು ಹಿಡಿದಿತ್ತು. ನಾನೂ ರೂಢಿಯಂತೆ ಮುಖ ಒಡ್ಡಿದ್ದೆ. ಏಟಿನ ಸದ್ದಿಗೆ ಆ ಹೆಂಗಸು ಕುರ್ಚಿ ಬಿಟ್ಟು ಎದ್ದಳು, ಪರದೆ ಕಪ್ಪಾಯಿತು. ಹೊಡೆದಾಡುವವರನ್ನು ಯಾರು ಕರೆಸಿಕೊಳ್ಳುತ್ತಾರೆಂದು ಏಜೆಂಟರು ನಮ್ಮ ಕಾಗದಗಳನ್ನು ಮೇಜಿನ ಮೇಲೆ ಎಸೆದರು.

ಬಸ್ ನಿಲ್ದಾಣದ ಜನರ ನಡುವೆ ಅತ್ತಿಗೆ ತನ್ನ ಮೂಗನ್ನು ತಾನೇ ಹಿಡಿದುಕೊಂಡು ನನ್ನತ್ತ ತಿರುಗಿದಳು.

“ಹೊಡಿ. ಹೊಡೀಲಿಲ್ಲಾಂದ್ರೆ ಮನೆಗೆ ಬರಾಕೆ ಮುಖ ಇಲ್ಲ ನನಗೆ.”

ನಾನು ಕೈ ಎತ್ತಿದೆ. ಆದರೆ ಕೇಳದೆ ಹೊಡೆಯುವುದು ಕ್ರಮವಲ್ಲ.

“ಕೈಗೆ ಏನಂತಾರೆ ಅತ್ತಿಗೆ?”

“ರಾಕಾ,” ಎಂದಳು, ಹಿಡಿದ ಮೂಗು ಬಿಡದೆಯೇ.

ಉತ್ತರ ಸರಿಯಾಗಿತ್ತು. ಎತ್ತಿದ ಕೈ ಇಳಿಸಬೇಕಾಯಿತು.