ಮಳೆಗೆ ಹೆದರುವ ಕೊಡೆಮಾವ

ನನ್ನ ತಂಗಿ ನಿಮಗೆಲ್ಲ ಗೊತ್ತು. ಗೊತ್ತು ಅಂತ ನೀವು ಅಂದುಕೊಂಡಿದ್ದೀರಿ. ಭಾನುವಾರದ ಪೇಪರಿನ ಕೊನೇ ಪುಟದಲ್ಲಿ, ನಾಲ್ಕು ಚೌಕದೊಳಗೆ ನಿಂತಿರುತ್ತಾಳಲ್ಲ, ಕೆದರಿದ ಕೂದಲು, ಒಂದೇ ಕಾಲಿಗೆ ಚಪ್ಪಲಿ, ಕೈಯಲ್ಲೊಂದು ಹಳೇ ಕಪ್ಪು ಕೊಡೆ, ಅವಳೇ. ಬುಗುರಿ. ಆ ಕೊಡೆ ಅವಳ ಪಾಲಿಗೆ ಕೊಡೆಯಲ್ಲ, ಕೊಡೆಮಾವ. ಮಾತಾಡುತ್ತಾನೆ, ಜಂಬ ಕೊಚ್ಚುತ್ತಾನೆ, ಅವಳ ಜೊತೆ ಚಂದ್ರಲೋಕಕ್ಕೆ ಹೋಗಿ ಬರುತ್ತಾನೆ, ಆದರೆ ಒಂದು ಹನಿ ಮಳೆ ಬಿದ್ದರೆ ಸಾಕು, ಮಂಚದ ಕೆಳಗೆ ನುಗ್ಗಿಬಿಡುತ್ತಾನೆ. ಮಳೆಗೆ ಹೆದರುವ ಕೊಡೆ. ನೀವು ನಕ್ಕಿದ್ದೀರಿ, ನಿಮ್ಮಪ್ಪನೂ ನಕ್ಕಿದ್ದಾರೆ. ನಗಲಿ ಬಿಡು, ಅನ್ನುವಷ್ಟು ದೊಡ್ಡ ಮನಸ್ಸು ನನಗಿಲ್ಲ.

ಪೇಪರಿನ ಬುಗುರಿಗೆ ಇವತ್ತಿಗೂ ಆರೇ ವರ್ಷ. ನನ್ನ ತಂಗಿಗೆ ನಲವತ್ತು ದಾಟಿದೆ, ಮೊಣಕಾಲು ನೋವಿದೆ. ಬಸ್ ಡಿಪೋದ ಹಿಂದಿನ ಶೆಡ್ಡಿನಲ್ಲಿ ಸೀಟು ಹೊಲಿಯುವ ಕೆಲಸ. ಹರಿದ ಸೀಟು ಬಂದರೆ ರೆಕ್ಸಿನ್ ಕಿತ್ತು, ಪುಡಿಪುಡಿಯಾದ ಫೋಮ್ ಕೆರೆದು ತೆಗೆದು, ಹೊಸದು ಕೂರಿಸಿ, ಅಂಚನ್ನು ಡೊಂಕು ಸೂಜಿಯಲ್ಲಿ ಎಳೆದೆಳೆದು ಹೊಲಿಯಬೇಕು. ಸಂಜೆಗೆ ಬೆರಳು ಕೊರಡಾಗಿರುತ್ತದೆ. ಸೀಟಿನ ಸಂದಿಯಲ್ಲಿ ಸಿಕ್ಕ ಮಕ್ಕಳ ಸಾಮಾನೆಲ್ಲ, ಚಕ್ರವಿಲ್ಲದ ಕಾರು, ತಲೆಯಿಲ್ಲದ ಬೊಂಬೆ, ಅವಳ ಮಿಷಿನ್ ಪಕ್ಕದ ಹಲಗೆ ಮೇಲೆ ಸಾಲಾಗಿ ಕೂತಿರುತ್ತವೆ. ಯಾರಾದರೂ ಕೇಳಿಕೊಂಡು ಬಂದಾರು ಅಂತ ಅವಳ ಸಮಾಧಾನ. ಯಾರೂ ಬಂದದ್ದಿಲ್ಲ. ಡಿಪೋದವರು ಹೊಸಬರಿಗೆ ಅವಳನ್ನು ತೋರಿಸುವುದೇ ಹೀಗೆ: "ನೋಡಪ್ಪ, ಇವರೇ ಆ ಬುಗುರಿ. ಏನಮ್ಮಾ, ಕೊಡೆಮಾವ ಹೇಗಿದಾನೆ?" ಅವಳು ನಕ್ಕು ಸೂಜಿಗೆ ದಾರ ಪೋಣಿಸುತ್ತಾಳೆ. ನಾನಾಗಿದ್ದರೆ ಅದೇ ಸೂಜಿಯಲ್ಲಿ ಅವರ ಬಾಯಿ ಹೊಲಿದಿರುತ್ತಿದ್ದೆ.

ನಾನು ಅವಳ ಅಕ್ಕ. ನನ್ನನ್ನು ನೀವು ನೋಡಿಲ್ಲ, ಏಕೆಂದರೆ ಆ ಚಿತ್ರ ಬರೆಯುವ ನಮ್ಮಪ್ಪ ನನ್ನನ್ನು ಬರೆಯಲೇ ಇಲ್ಲ. ಆ ಚೌಕಗಳೊಳಗೆ ಅಪ್ಪ ಇದ್ದಾನೆ, ಬುಗುರಿ ಇದ್ದಾಳೆ, ಕೊಡೆಮಾವ ಇದ್ದಾನೆ, ಸೌಟು ಹಿಡಿದು ಗದರುವ ಅಮ್ಮ ಇದ್ದಾಳೆ. ಸತ್ತ ಅಮ್ಮ ಇದ್ದಾಳೆ, ಬದುಕಿರುವ ನಾನಿಲ್ಲ. ಒಮ್ಮೆ ಕೇಳಿಯೇಬಿಟ್ಟೆ. "ನೀನು ತುಂಬಾ ಸೀರಿಯಸ್ಸಮ್ಮ, ನಗು ಹುಟ್ಟಲ್ಲ" ಅಂದರು. ಈಗ ನೀರು ಸರಬರಾಜು ಆಫೀಸಿನ ದೂರಿನ ಕಿಟಕಿಯಲ್ಲಿ ಕೂರುತ್ತೇನೆ. ದಿನವಿಡೀ ಊರವರ ಬೈಗುಳ ತಿಂದು ತಿಂದು ನನಗೂ ಬೈಯುವುದು ಚೆನ್ನಾಗಿ ಬರುತ್ತದೆ.

ಅಮ್ಮ ಹೋದದ್ದು ಒಂದು ಮಳೆಗಾಲದ ಮಧ್ಯಾಹ್ನ. ಔಷಧಿ ಅಂಗಡಿಗೆ ಹೋಗಿ ಬರ್ತೀನಿ ಅಂತ ಬಾಗಿಲ ಹಿಂದಿನ ಮೊಳೆಯಿಂದ ಕೊಡೆ ತೆಗೆದುಕೊಂಡು ಹೊರಟವಳು, ತಿರುವಿನಲ್ಲಿ ಲಾರಿಗೆ ಸಿಕ್ಕಳು. ಯಾರೋ ಪುಣ್ಯಾತ್ಮರು ಅವಳ ಚೀಲವನ್ನೂ ಕೊಡೆಯನ್ನೂ ಮನೆಗೆ ತಂದುಕೊಟ್ಟರು. ಕೊಡೆಯ ಒಂದು ಕಡ್ಡಿ ಬಾಗಿತ್ತು, ಅಷ್ಟೆ. ಅಪ್ಪ ಅದನ್ನು ಒರೆಸಿ ಮತ್ತೆ ಅದೇ ಮೊಳೆಗೆ ನೇತುಹಾಕಿದರು. ತಂಗಿಗೆ ಆಗ ಐದು ತುಂಬಿತ್ತು. ಅವಳು ಅಳಲಿಲ್ಲ. ಬಾಗಿಲ ಹಿಂದೆ ಕೂತು ಕೊಡೆಯ ಜೊತೆ ಪಿಸಪಿಸ ಮಾತಾಡಲು ಶುರುಮಾಡಿದಳು.

ಅಪ್ಪ ಆಗ ಅಂಗಡಿಗಳಿಗೆ ಬೋರ್ಡು ಬರೆಯುತ್ತಿದ್ದರು, ಪೇಪರಿಗೆ ಆಗೊಂದು ಈಗೊಂದು ಚಿತ್ರ ಕೊಡುತ್ತಿದ್ದರು. ಒಂದು ದಿನ ನಾನು ಅಡುಗೆಮನೆಯಿಂದ ನೋಡಿದೆ. ಬಾಗಿಲ ಆ ಕಡೆ ತಂಗಿ ಮಾತಾಡುತ್ತಿದ್ದಾಳೆ, ಈ ಕಡೆ ಅಪ್ಪ ಬರಿಗಾಲಲ್ಲಿ ಉಸಿರು ಬಿಗಿಹಿಡಿದು ನಿಂತಿದ್ದಾರೆ, ಜೇಬಿನ ಪೆನ್ಸಿಲ್ ಕೈಗೆ ಬಂದಿದೆ, ಸಿಗರೇಟ್ ಪ್ಯಾಕಿನ ಹಿಂದೆ ಬರೆದುಕೊಳ್ಳುತ್ತಿದ್ದಾರೆ. ಅದೇ ಅವರ ಕೆಲಸದ ರೀತಿ. ಒಂದು ಗೆರೆಯನ್ನೂ ತಾವಾಗಿ ಯೋಚಿಸಿದವರಲ್ಲ ಪುಣ್ಯಾತ್ಮ. ಅವಳು ಗುಟ್ಟಾಗಿ ಆಡಿದ್ದು ಭಾನುವಾರ ಊರಿಗೆಲ್ಲ ಹಂಚಿಕೆಯಾಗುತ್ತಿತ್ತು. ಜನ ಬಿದ್ದು ಬಿದ್ದು ನಕ್ಕರು. ಬೋರ್ಡು ಬರೆಯುವುದು ನಿಂತಿತು, ಅಪ್ಪ ದೊಡ್ಡ ಮನುಷ್ಯರಾದರು. ಬೆಕ್ಕಿಗೆ ಆಟ, ಇಲಿಗೆ ಪ್ರಾಣಸಂಕಟ.

ಶಾಲೆಯಲ್ಲಿ ಹುಡುಗರು ಅವಳ ಮುಂದೆ ಕೊಡೆ ಹಿಡಿದು ಬೆಂಚಿನ ಕೆಳಗೆ ನುಗ್ಗುವ ಆಟ ಆಡುತ್ತಿದ್ದರು. ಟೀಚರ್ ಕೂಡ, "ಎಲ್ಲಿ, ಕೊಡೆಮಾವನ ಹಾಗೆ ಮಾತಾಡು" ಅನ್ನುತ್ತಿದ್ದರು. ಅವಳು ಒಂದು ಉಪಾಯ ಮಾಡಿದಳು. ಅಪ್ಪ ಬಾಗಿಲ ಆಚೆ ನಿಂತಿದ್ದಾರೆ ಅಂತ ಖಾತ್ರಿ ಮಾಡಿಕೊಂಡು ಗಟ್ಟಿಯಾಗಿ ಹೇಳಿದಳು: "ಕೊಡೆಮಾವ ಸತ್ತುಹೋದ. ಇನ್ನು ಮಾತಾಡಲ್ಲ." ಅವನನ್ನು ಉಳಿಸಿಕೊಳ್ಳೋಕೆ ಅವಳಿಗೆ ಗೊತ್ತಿದ್ದದ್ದು ಅದೊಂದೇ ದಾರಿ. ಅಪ್ಪ ಸಾವನ್ನೂ ಬರೆದರು. ಪೇಪರ್ ಆಫೀಸಿಗೆ ಮೂಟೆಗಟ್ಟಲೆ ಕಾಗದ ಬಂತು, ಮಕ್ಕಳು ಊಟ ಬಿಟ್ಟಿವೆ, ದಯವಿಟ್ಟು ಬದುಕಿಸಿ ಅಂತ. ಅಪ್ಪ ಬದುಕಿಸಿದರು. ಆ ಭಾನುವಾರ ತಂಗಿ ಪೇಪರನ್ನು ನೆಲದ ಮೇಲೆ ಹಾಸಿಕೊಂಡು ಬಹಳ ಹೊತ್ತು ನೋಡಿದಳು. "ಇವನು ಅವನಲ್ಲ" ಅಂದಳು. ಆಮೇಲೆ ಬಾಗಿಲ ಹಿಂದೆ ಹೋಗಿ ಕೂರಲಿಲ್ಲ. ಕೊಡೆಮಾವನ ಹೆಸರೂ ಎತ್ತಲಿಲ್ಲ. ಅಪ್ಪ ಮಾತ್ರ ಅದೇ ನಾಲ್ಕು ಜೋಕನ್ನು ತಿರುಗಿಸಿ ಮುರುಗಿಸಿ ಇಷ್ಟು ವರ್ಷ ಕಾಲ ತಳ್ಳಿದರು.

ಬಾಯಿಗೆ ಬೀಗ ಹಾಕಿಕೊಂಡೇ ಬೆಳೆದಳು ನನ್ನ ತಂಗಿ. ಓದಿನಲ್ಲಿ ಸುಮಾರು, ಕೈಕೆಲಸದಲ್ಲಿ ಚುರುಕು. ಡಿಪೋ ಸೇರಿದಳು, ಅಲ್ಲಿಯ ಡ್ರೈವರ್ ಒಬ್ಬನನ್ನು ಮದುವೆಯಾದಳು. ದೂರದ ರೂಟಿನ ಬಸ್ಸು ಅವನದು, ಮನೆಯಲ್ಲಿ ಇರುವುದೇ ಕಡಿಮೆ, ಇದ್ದಾಗ ಅವನದೂ ಮಾತು ಕಡಿಮೆ. ಇಬ್ಬರೂ ಸೇರಿ ಒಂದು ವಾಕ್ಯ ಪೂರ್ತಿ ಮಾಡಿದರೆ ಅದೇ ದೊಡ್ಡದು ಅಂತ ನಾನು ಗೇಲಿ ಮಾಡುತ್ತಿದ್ದೆ. ತಡವಾಗಿ ಒಂದು ಹೆಣ್ಣುಮಗು ಆಯಿತು. ಆ ಮಗುವಿದೆಯಲ್ಲ, ಅದು ಅಪ್ಪ ಅಮ್ಮ ಇಬ್ಬರೂ ಆಡದೆ ಉಳಿಸಿದ ಮಾತನ್ನೆಲ್ಲ ಬೆಳಗಾಗುವುದರೊಳಗೆ ಆಡಿ ಮುಗಿಸುತ್ತದೆ.

ಹೋದ ತಿಂಗಳು ನಾನು ಅವರ ಮನೆ ಫ್ರಿಜ್ಜಿನ ಬಾಗಿಲು ತೆಗೆದರೆ ಒಳಗೆ ಟೊಮ್ಯಾಟೊ ಪಕ್ಕ ಒಂದು ಜೊತೆ ಉಣ್ಣೆ ಕಾಲುಚೀಲ.

"ಏನೇ ಇದು?" ಅಂದೆ.

"ದೊಡ್ಡಮ್ಮ, ಬೇಗ ಮುಚ್ಚು. ದೀಪದಜ್ಜಿಗೆ ನಾಚಿಕೆ ಆಗುತ್ತೆ" ಅಂದಿತು ಮಗು. ಫ್ರಿಜ್ಜಿನೊಳಗೆ ಒಬ್ಬ ಅಜ್ಜಿ ಇದ್ದಾಳಂತೆ. ಬಾಗಿಲು ಮುಚ್ಚಿದ ಕೂಡಲೇ ಲೈಟು ಆರಿಸುವವಳು ಅವಳೇ. ಪಾಪ, ಕಾಲು ತಣ್ಣಗಾಗುತ್ತದೆ, ಅದಕ್ಕೆ ಕಾಲುಚೀಲ. ನಾನು ತಂಗಿಯ ಮುಖ ನೋಡಿದೆ. ಅವಳು ಮಗುವಿನ ಹಿಂದೆ ನಿಂತು ಬೇರೆ ಕಡೆ ನೋಡುತ್ತಿದ್ದಳು, ಕಣ್ಣು ತುಂಬಿತ್ತು, ಮುಖ ಮಾತ್ರ ನಗುತ್ತಿತ್ತು. ಅವಳನ್ನು ಹಾಗೆ ನೋಡಿ ಎಷ್ಟು ಕಾಲವಾಗಿತ್ತೋ. ನನಗೆ ತಡೆಯಲಾಗದೆ ಫ್ರಿಜ್ಜಿಗೆ ಕೈಮುಗಿದು, "ಆರಾಮಾಗಿರಿ ಅಜ್ಜಿ" ಅಂದು ಬಾಗಿಲು ಹಾಕಿದೆ.

ಈಗ ಅಪ್ಪನ ವಿಷಯ. ವಯಸ್ಸಾಯಿತು, ಕೈ ನಡುಗುತ್ತದೆ, ಜೋಕು ಹಳಸಿದೆ. ಸಂಪಾದಕರು ಹೇಳಿದ್ದರಂತೆ, "ಏನಾದರೂ ಹೊಸದು ತನ್ನಿ ಸಾರ್, ಇಲ್ಲದಿದ್ದರೆ ನಿಲ್ಲಿಸೋಣ" ಅಂತ. ಆಗ ಮೊಮ್ಮಗಳ ಮೇಲೆ ಒಮ್ಮಿಂದೊಮ್ಮೆಗೇ ಪ್ರೀತಿ ಉಕ್ಕಿತು. ದಿನಾ ಸಂಜೆ ಮಗುವನ್ನು ತಮ್ಮ ಮನೆಗೆ ಕರೆಸಿಕೊಳ್ಳಲು ಶುರುಮಾಡಿದರು. ತಂಗಿಗೆ ಡಿಪೋದಿಂದ ಬರುವುದು ತಡವಾಗುತ್ತಿತ್ತು, ಅಪ್ಪ ನೋಡಿಕೊಳ್ಳುತ್ತಾರಲ್ಲ ಅಂತ ನೆಮ್ಮದಿಯಾಗಿದ್ದಳು. ನಾವಿಬ್ಬರೂ ಎಂಥ ದಡ್ಡಿಯರು ನೋಡಿ.

ಒಂದು ಮಧ್ಯಾಹ್ನ ನನ್ನ ದೂರಿನ ಕಿಟಕಿಯ ಮುಂದೆ ತಂಗಿ ನಿಂತಿದ್ದಳು. ಕೆಲಸದ ಏಪ್ರನ್ನೂ ಬಿಚ್ಚಿರಲಿಲ್ಲ, ಸ್ವೆಟರ್ ತುಂಬ ದಾರದ ಚೂರು.

"ಅಕ್ಕ, ಮಗು ಕಾಲುಚೀಲ ಹೊರಗೆ ತೆಗೆದುಬಿಟ್ಟಿದೆ" ಅಂದಳು. "ತಾತ ದೀಪದಜ್ಜಿನ ಬರೆದಿದಾರಂತೆ. ಕನ್ನಡಕ ಹಾಕಿದಾರಂತೆ. ಅಜ್ಜಿಗೆ ಕನ್ನಡಕ ಇಲ್ಲಮ್ಮ, ಇನ್ನು ಅವಳು ಎಲ್ಲರಿಗೂ ಕಾಣಿಸ್ತಾಳೆ, ನನ್ನ ಹತ್ರ ಇರಲ್ಲ ಅಂತ ಹೇಳ್ತು. ಬರೋ ಭಾನುವಾರದ ಪೇಪರಲ್ಲಿ ಬರುತ್ತೆ. ಬಾ, ಅಪ್ಪನ ಮನೆಗೆ ಹೋಗೋಣ."

ಕೋಪ ನೆತ್ತಿಗೇರಿತು. ಅವಳ ಹಿಂದೆ ಸಾಲಿನಲ್ಲಿ ನಿಂತವರಿಗೆ ನೀರು ಬಂದರೆಷ್ಟು ಬಿಟ್ಟರೆಷ್ಟು, ಕಿಟಕಿ ಎಳೆದು ಹೊರಟೆ.

ಅಪ್ಪ ಕಿಟಕಿ ಪಕ್ಕದ ಓರೆ ಮೇಜಿನ ಮುಂದೆ ಕೂತಿದ್ದರು. ಮೇಜಿನ ಮೇಲೆ ಇನ್ನೊಂದು ದೀಪದಜ್ಜಿ ಅರ್ಧ ತಯಾರಾಗಿದ್ದಳು. ತಂಗಿ ನಿಧಾನವಾಗಿ ಹೇಳಿದಳು, "ಅಪ್ಪ, ಅದನ್ನ ಹಾಕಬೇಡಿ."

"ಆಗಲೇ ಕಳಿಸಿಯಾಯ್ತು ಕಣೇ ಬುಗುರಿ."

"ನೆಪ ಹೇಳಬೇಡಿ" ಅಂದೆ ನಾನು. ಅಪ್ಪನಿಗೆ ಜ್ವರಗಿರ ಬಂದರೆ ಇರಲಿ ಅಂತ ಪೇಪರ್ ಆಫೀಸಿನಲ್ಲಿ ಪುಟ ಕಟ್ಟುವವರ ಡ್ರಾಯರಿನಲ್ಲಿ ಯಾವಾಗಲೂ ಒಂದು ಹೆಚ್ಚಿನ ಚಿತ್ರ ಇರುತ್ತದೆ. ಇದು ನಮ್ಮ ಮನೆಯಲ್ಲಿ ಯಾರಿಗೆ ಗೊತ್ತಿಲ್ಲ? "ಒಂದು ಫೋನ್ ಮಾಡಿದ್ರೆ ಆ ಇನ್ನೊಂದನ್ನ ಹಾಕ್ತಾರೆ."

"ಹಾಕಿದರೆ ನನ್ನ ಕಥೆ ಮುಗೀತು. ಸಂಪಾದಕರಿಗೆ ಹೊಸ ಪಾತ್ರ ಇಷ್ಟ ಆಗಿದೆ. ಮಕ್ಕಳಾಟ ತಾನೇ ಇದು, ಯಾರಪ್ಪನ ಗಂಟು ಹೋಗುತ್ತೆ?"

"ಅಪ್ಪನ ಗಂಟಲ್ಲ, ಮಗುವಿನ ಗಂಟು" ಅಂದೆ. "ಒಂದು ಸಲ ಒಬ್ಬಳನ್ನ ದೋಚಿ ತಿಂದಿದ್ದು ಸಾಲಲಿಲ್ವಾ? ಊರಿಗೆ ಉಪಕಾರಿ, ಮನೆಗೆ ಮಾರಿ." ಇನ್ನೂ ಏನೇನೋ ಅಂದೆ. ಅಪ್ಪ ನನ್ನ ಕಡೆ ತಿರುಗಲೇ ಇಲ್ಲ. ತಾವು ಬರೆಯದವಳ ಮಾತು ಅವರಿಗೆ ಕೇಳಿಸುವುದೂ ಇಲ್ಲ.

ತಂಗಿ ಬಾಗಿಲ ಹತ್ತಿರ ಹೋದಳು. ಮೊಳೆಯಲ್ಲಿ ಕೊಡೆ ಇನ್ನೂ ನೇತಾಡುತ್ತಿತ್ತು, ಬಂದವರೆಲ್ಲ ಅದರ ಪಕ್ಕ ನಿಂತು ಫೋಟೊ ತೆಗೆಸಿಕೊಳ್ಳುತ್ತಾರೆ.

"ಅಪ್ಪ, ಕೊಡೆಮಾವ ಮಳೆಗೆ ಯಾಕೆ ಹೆದರ್ತಾನೆ?"

ಅಪ್ಪ ನಕ್ಕರು. "ಕೊಡೆ ಆಗಿ ಮಳೆಗೆ ಹೆದರೋದೇ ತಮಾಷೆ ಅಲ್ವಾ. ನೀನೇ ಹೇಳಿದ್ದು."

"ಹೆದರ್ತಾನೆ ಅಂತ ಹೇಳಿದ್ದೆ. ಯಾಕೆ ಅಂತ ನೀವು ಕೇಳಲಿಲ್ಲ." ಅವಳ ದನಿ ಏರಲಿಲ್ಲ. "ಮಳೇಲಿ ಅಮ್ಮನ್ನ ಕರ್ಕೊಂಡು ಹೋದ. ಒಬ್ಬನೇ ವಾಪಸ್ ಬಂದ. ಎಲ್ಲರೂ ಬೈತಾರೆ ಅಂತ ಬಾಗಿಲ ಹಿಂದೆ ಅಡಗಿ ಕೂತಿದ್ದ. ನಾನು ಅವನಿಗೆ ಸಮಾಧಾನ ಮಾಡ್ತಿದ್ದೆ ಅಪ್ಪ. ನಿನ್ನದೇನೂ ತಪ್ಪಿಲ್ಲ ಮಾವ, ಮಳೆ ಬಂದ್ರೂ ನಿನ್ನ ಯಾರೂ ಹೊರಗೆ ಕಳಿಸಲ್ಲ ಅಂತ. ಅದಕ್ಕೆ ನೀವು ನಾಲ್ಕು ಚೌಕ ಹಾಕಿ ಊರನ್ನ ನಗಿಸಿದ್ರಿ."

ನಾನು ಅಲ್ಲೇ ಸ್ಟೂಲಿನ ಮೇಲೆ ಕೂತುಬಿಟ್ಟೆ. ಒಂದೇ ಮನೆಯಲ್ಲಿ ಬೆಳೆದ ನನಗೂ ಇದು ಗೊತ್ತಿರಲಿಲ್ಲ. ಅಪ್ಪನ ಮುಖ ನೋಡಿದೆ. ನಗು ಹಾಗೇ ಅಂಟಿಕೊಂಡಿತ್ತು, ತೆಗೆಯುವುದು ಹೇಗೆ ಅಂತ ಅವರಿಗೆ ತಿಳಿಯುತ್ತಿರಲಿಲ್ಲ. ಅಯ್ಯೋ ಪಾಪ ಅನ್ನಿಸಿತು ಒಂದು ಗಳಿಗೆ, ಆ ಪಾಪ ಅನ್ನಿಸಿದ್ದಕ್ಕೂ ಸಿಟ್ಟು ಬಂತು.

"ನಂಗೆ ಗೊತ್ತಾಗಲಿಲ್ಲಮ್ಮ" ಅಂದರು ಕೊನೆಗೆ.

"ಫೋನ್ ಮಾಡಿ" ಅಂದಳು ತಂಗಿ.

ನಂಬರು ಒತ್ತಲು ಅವರ ಬೆರಳಿಗೆ ಆಗಲಿಲ್ಲ, ನಾನೇ ಒತ್ತಿಕೊಟ್ಟೆ. "ಡ್ರಾಯರಲ್ಲಿರೋದನ್ನ ಹಾಕಿ. ಹೌದು, ಹಳೇದನ್ನೇ. ಕಾರಣ ಏನಿಲ್ಲ" ಅಂದರು ಅಪ್ಪ. ಆ ಕಡೆಯವರು ಏನೋ ಹೇಳುತ್ತಲೇ ಇದ್ದರು, ಅಪ್ಪ ಹೂಂ ಹೂಂ ಅನ್ನುತ್ತ ಮೇಜಿನ ಮೇಲಿನ ಅರ್ಧ ಅಜ್ಜಿಯನ್ನು ಮಗುಚಿ ಹಾಕಿದರು. ಅವರ ಬುಗುರಿಗೆ ಅಲ್ಲಿಗೆ ಮಂಗಳ ಹಾಡಿದಂತೆ. ಆಗಬೇಕಾದದ್ದು ಎಂದೋ ಆಗಬೇಕಿತ್ತು.

ತಂಗಿ ಮೊಳೆಯಿಂದ ಕೊಡೆ ತೆಗೆದುಕೊಂಡಳು. ಕೇಳಲಿಲ್ಲ. ಅಪ್ಪನೂ ಬೇಡ ಅನ್ನಲಿಲ್ಲ.

ಮೆಟ್ಟಿಲಿಳಿದು ಬಾಗಿಲಿಗೆ ಬಂದರೆ ಹೊರಗೆ ಮಳೆ ಹುಯ್ಯುತ್ತಿತ್ತು. ನಾನು ಅವಸರದಲ್ಲಿ ನನ್ನ ಕೊಡೆ ಆಫೀಸಿನಲ್ಲೇ ಬಿಟ್ಟುಬಂದಿದ್ದೆ. "ತಗಿಯೇ ಅದನ್ನ" ಅನ್ನಲು ಬಾಯಿ ತೆರೆದವಳು ನುಂಗಿಕೊಂಡೆ. ತಂಗಿ ತನ್ನ ಸ್ವೆಟರ್ ಬಿಚ್ಚಿದಳು. ಕೊಡೆಯನ್ನು ಅದರಲ್ಲಿ ಹಿಡಿಯ ಕೊಕ್ಕೆಯೊಂದನ್ನು ಬಿಟ್ಟು ತುದಿಯವರೆಗೆ ಸುತ್ತಿದಳು, ಬಾಗಿದ ಕಡ್ಡಿಯ ಹತ್ತಿರ ಇನ್ನೊಂದು ಸುತ್ತು ಹೆಚ್ಚಾಗಿಯೇ ಹಾಕಿದಳು. ಏಪ್ರನ್ನಿನ ಕೆಳಗೆ ಎದೆಗೆ ಅವಚಿಕೊಂಡು ಮಳೆಗಿಳಿದಳು. ಬರೀ ತೋಳು, ತಲೆಯಿಂದ ನೀರು ಸುರಿಯುತ್ತಿದೆ, ಬಗ್ಗಿ ಬಗ್ಗಿ ನಡೆಯುತ್ತ ಏನೋ ಪಿಸುಗುಡುತ್ತಿದ್ದಾಳೆ. ನಾನು ಪಕ್ಕದಲ್ಲೇ ನೆನೆಯುತ್ತ ನಡೆದೆ, ಏನು ಅಂತ ಕಿವಿಗೊಡಲಿಲ್ಲ. ತಿರುವಿನಲ್ಲಿ ಅಂಗಡಿ ಸೂರಿನ ಕೆಳಗೆ ನಿಂತಿದ್ದವನೊಬ್ಬ, ಇಣುಕುತ್ತಿದ್ದ ಹಿಡಿ ನೋಡಿ, "ಕೊಡೆ ಇಟ್ಕೊಂಡು ನೆನೀತಾಳೆ ನೋಡ್ರೋ" ಅಂತ ನಕ್ಕ. ನಾನು ರಸ್ತೆ ದಾಟಿ ಹೋಗಿ, ಅವನ ನಗು ನಿಲ್ಲುವ ತನಕ ಅವನ ಮುಂದೆ ನಿಂತುಕೊಂಡೆ.