ರಾಣಿಗೆ ಬೆನ್ನು ತೋರಿಸದೆ

ನನ್ನ ಮೊಮ್ಮಗಳು ಇಂಗ್ಲೆಂಡಿನ ರಾಣಿಯ ಸಖಿಯಾದದ್ದನ್ನು ಬರೆಯಬೇಕೆಂದು ಕೂತಾಗಲೆಲ್ಲ ಎದ್ದು ಎರಡು ಸುತ್ತು ಹಾಕಿ ಬರುತ್ತೇನೆ. ಸಂತೋಷ ಹೆಚ್ಚಾದರೆ ನನಗೆ ಕೂರಲಾಗುವುದಿಲ್ಲ. ನಾಲ್ಕನೇ ಕ್ಲಾಸು ಓದಿದವನು ನಾನು, ಅಕ್ಷರ ಹೆಚ್ಚುಕಡಿಮೆಯಾದರೆ ಓದುವವರೇ ಸರಿಮಾಡಿಕೊಳ್ಳಬೇಕು.

ಆಗ ದುಬೈಗೆ ಮೆಟ್ರೋ ಬಂದಿರಲಿಲ್ಲ. ಬನಿಯಾಸ್‌ನಲ್ಲಿ ಒಬ್ಬ ಅರ್ಬಾಬ್‌ನ, ಅಂದರೆ ಅರಬ್ ಧಣಿಯ ಮನೆಯಲ್ಲಿ, ಬಂದ ಅತಿಥಿಗಳಿಗೆ ಕಾವಾ ಎಂಬ ಅರಬ್ಬೀ ಕಾಫಿ ಬಗ್ಗಿಸಿ ಕೊಡುವ ಕೆಲಸವನ್ನು ಇಪ್ಪತ್ತೆರಡು ವರ್ಷ ಮಾಡಿ, ಮೊಣಕಾಲು ನೋವೆಂದು ಬಿಟ್ಟು, ಕರಾಮದಲ್ಲಿದ್ದ ಮಗಳ ಫ್ಲ್ಯಾಟಿಗೆ ಬಂದಿದ್ದೆ. ಮೊಮ್ಮಗಳಿಗೆ ಒಂಬತ್ತು ವರ್ಷ. ಒಂದು ಸಂಜೆ ಶಾಲೆಯ ಬಸ್ಸಿಳಿದು ಬಂದವಳೇ ಚೀಲ ಎಸೆದು ಅಳುತ್ತಾ ಕೂತಳು.

ಶಾಲೆಯಲ್ಲಿ ಹಳೇ ಕಾಲದ ಇಂಗ್ಲಿಷ್ ಅರಮನೆಯ ನಾಟಕ. ಇವಳು ರಾಣಿಗೆ ಕೈ ತೊಳೆಯಲು ಬೆಳ್ಳಿ ಬೋಗುಣಿ ಹಿಡಿದು ಬರುವ ಸಖಿ. ರಾಣಿ ಬೆರಳು ಅದ್ದಿದ ಮೇಲೆ ಬೆನ್ನು ತಿರುಗಿಸದೆ ಹಿಂದಕ್ಕೇ ನಡೆದು ಪರದೆಯ ಒಳಗೆ ಹೋಗಬೇಕು. ಹಾಕುವ ಲಂಗಕ್ಕೆ ಒಳಗಿನಿಂದ ಬಳೆ ಬಳೆಯಾಗಿ ಕಡ್ಡಿ ಕಟ್ಟಿರುತ್ತಾರೆ, ತನ್ನ ಕಾಲು ತನಗೇ ಕಾಣುವುದಿಲ್ಲ. ಎರಡು ಸಲ ಬಿದ್ದಿದ್ದಳು. ಬುಧವಾರದ ಅಭ್ಯಾಸದಲ್ಲೂ ಬಿದ್ದರೆ ಆ ಪಾತ್ರ ಬೇರೆ ಹುಡುಗಿಗೆ ಎಂದು ಟೀಚರ್ ಹೇಳಿದ್ದರು.

"ತಿರುಗಿ ನಡೆದ್ರೆ ಎಂತ ಆಗ್ತದಂತೆ?" ಎಂದಳು ನನ್ನ ಮಗಳು.

"ಮಮ್ಮಿ, ಶಿ ಈಸ್ ದ ಕ್ವೀನ್."

"ಹಿಂದಕ್ಕೆ ನಡೆಯುದು ನಂಗೆ ಬರ್ತದೆ. ನಾನು ಕಲಿಸ್ತೇನೆ," ಎಂದೆ.

ಅಳು ನಿಲ್ಲಿಸಿ ನನ್ನನ್ನು ಮೇಲಿಂದ ಕೆಳಗೆ ನೋಡಿದಳು. "ನಿಮಗೆ ಹೇಗೆ ಬರ್ತದೆ ಅಜ್ಜ? ನೀವು ಲೇಡಿಯಾ?"

ಮಗಳು ಶಾಲೆಯ ಪುಸ್ತಕ ತೆಗೆದು ನನಗೆ ಕನ್ನಡದಲ್ಲಿ ಹೇಳುತ್ತಾ ಹೋದಳು. ದೊಡ್ಡ ದೊಡ್ಡ ಮನೆತನದ ಹೆಂಗಸರೇ ರಾಣಿಯ ತಲೆ ಬಾಚುತ್ತಿದ್ದರಂತೆ, ಅಂಗಿಯ ತೋಳಿನ ದಾರ ಕಟ್ಟುತ್ತಿದ್ದರಂತೆ. ಆ ಕೆಲಸ ಸಿಗಲೆಂದು ಅವರ ಅಪ್ಪಂದಿರು ಯಾರ್‍ಯಾರದೋ ಶಿಫಾರಸು ಹಿಡಿಯುತ್ತಿದ್ದರಂತೆ. ಒಬ್ಬ ರಾಜನ ಕಾಲದಲ್ಲಿ ಒಬ್ಬ ರಾಣಿಯ ಸೇವೆಗೆ ನಿಂತವಳೇ ಮುಂದೆ ಕಿರೀಟ ಇಟ್ಟುಕೊಂಡಳಂತೆ, ಆಮೇಲೆ ಅವಳ ತಲೆಯೇ ಹೋಯಿತಂತೆ. ಕೇಳುತ್ತಾ ನನಗೆ ಕೂರಲಾಗಲಿಲ್ಲ. ಅರ್ಬಾಬ್ ಅತಿಥಿಗಳನ್ನು ಕೂರಿಸುವ ನಮ್ಮ ಮಜ್ಲಿಸ್‌ನಲ್ಲೂ ಅಷ್ಟೇ, ಎಷ್ಟು ದೊಡ್ಡವರು ಬಂದು ಕೂತರೂ ಕಣ್ಣೆಲ್ಲ ಅರ್ಬಾಬ್‌ನ ಮುಖದ ಮೇಲೆ. ಇವತ್ತು ಹುಬ್ಬು ಹೇಗಿದೆ, ಯಾರ ಕಡೆ ಮೊದಲು ನೋಡಿದರು. ಕಾವಾ ಕೊಟ್ಟ ನಾನೂ ಬೆನ್ನು ತೋರಿಸದೆ ಹಿಂದಕ್ಕೇ ನಡೆದು ಹೊರಗೆ ಬರಬೇಕಿತ್ತು. ಬೋಗುಣಿ ಹಿಡಿದ ಆ ಹೆಂಗಸರ ಎದೆ ಹೇಗೆ ಹೊಡೆದುಕೊಂಡಿರಬೇಕು ಎಂದು ನನಗೆ ಚೆನ್ನಾಗಿ ತಿಳಿಯಿತು.

ಮಗಳು ನೀರಿನ ಪೈಪನ್ನು ಬಳೆಯ ಹಾಗೆ ಸುತ್ತಿ ಲಂಗದೊಳಗೆ ಹೊಲಿದು ಕೊಟ್ಟಳು. ಸೋಫಾದಲ್ಲಿ ನಾನೇ ರಾಣಿ.

"ಪಾದ ಎತ್ತಬೇಡ ಪುಟ್ಟಿ, ನೆಲ ಒರೆಸಿದ ಹಾಗೆ ಹಿಂದೆ ಎಳಿ. ಬೆರಳಿಗೆ ನೆಲ ಸಿಕ್ಕಿದ ಮೇಲೆ ಹಿಮ್ಮಡಿ ಇಡು. ನನ್ನ ತಲೆಯ ಮೇಲೆ ಗಡಿಯಾರ ಉಂಟಲ್ಲ, ಅದನ್ನೇ ನೋಡು. ಅದು ನಡುವಿನಲ್ಲೇ ಇದ್ರೆ ನೀನು ನೆಟ್ಟಗೆ ಹೋಗ್ತಾ ಇದ್ದಿ ಅಂತ."

ಮೊದಲ ದಿನ ಫ್ರಿಜ್ಜಿಗೆ ಹೊಡೆದಳು, ಎರಡನೇ ದಿನ ಬಾಗಿಲಿಗೆ. ಮೂರನೇ ದಿನ ಅಡುಗೆಮನೆಯವರೆಗೆ ಬೋಗುಣಿಯ ನೀರು ಅಲುಗದಂತೆ ಹೋದಳು. ನಾನು ಎದ್ದು ಕುಣಿಯುವುದೊಂದು ಬಾಕಿ.

ಬುಧವಾರ ಮನೆಯಲ್ಲಿ ನಿಲ್ಲಲಾಗಲಿಲ್ಲ. ಬಾಲ್ಕನಿಗೆ ಹೋದೆ, ಬಂದೆ, ಟಿವಿ ಹಾಕಿದೆ, ಆರಿಸಿದೆ. ಕೊನೆಗೆ ಡಬ್ಬಿಗೆ ನಾಲ್ಕು ಇಡ್ಲಿ ತುಂಬಿ, ಟ್ಯಾಕ್ಸಿ ಹತ್ತಿ, ಮಗು ಊಟ ಮರೆತಿದ್ದಾಳೆಂದು ಶಾಲೆಯ ವಾಚ್‌ಮನ್‌ಗೆ ಸುಳ್ಳು ಹೇಳಿ ಒಳಗೆ ನುಗ್ಗಿದೆ. ನಾಟಕದ ಹಾಲ್‌ನ ಪಕ್ಕದ ಬಾಗಿಲಲ್ಲಿ ನಿಂತರೆ ವೇದಿಕೆ ಕಾಣುತ್ತಿತ್ತು. ಕುರ್ಚಿಯಲ್ಲಿ ರಾಣಿಯಾದ ಹುಡುಗಿ. ನಮ್ಮವಳು ಬಂದಳು, ಮಂಡಿ ಬಗ್ಗಿಸಿದಳು, ಬೋಗುಣಿ ಹಿಡಿದಳು. ರಾಣಿ ಬೆರಳು ಅದ್ದಿದಳು. ಅಷ್ಟೇ. ಇವಳು ನಿಂತಲ್ಲೇ ನಿಂತಳು.

ಟೀಚರ್ ಒಂದು ಸಲ ಹೇಳಿದರು, ಇನ್ನೊಂದು ಸಲ ಹೇಳಿದರು. ಇವಳು ಅಲುಗಲಿಲ್ಲ. ಟೀಚರ್ ಕೈಯಲ್ಲಿದ್ದ ಕಾಗದ ಮಡಚಿ ಪಕ್ಕದ ಹುಡುಗಿಯ ಕಡೆ ತಿರುಗಿದರು.

ಆಗ ನನಗೆ ಹೊಳೆಯಿತು. ತಪ್ಪು ನನ್ನದು. ಅರಬರ ಮನೆಯಲ್ಲಿ ಅತಿಥಿ ಸಾಕೆಂದು ಬಾಯಿಬಿಟ್ಟು ಹೇಳುವುದಿಲ್ಲ, ಖಾಲಿ ಕಪ್ಪನ್ನು ಎರಡು ಸಲ ಅಲ್ಲಾಡಿಸುತ್ತಾನೆ. ಅಲ್ಲಿಯ ತನಕ ಕಾವಾ ಕೊಡುವವನು ಜಾಗ ಬಿಡಬಾರದು. ಸೋಫಾದಲ್ಲಿ ರಾಣಿಯಾಗಿ ಕೂತ ನಾನು ಅಭ್ಯಾಸಬಲದಿಂದ ಪ್ರತಿ ಸಲವೂ ಕೈಯನ್ನು ಹಾಗೆಯೇ ಅಲ್ಲಾಡಿಸಿದ್ದೆ. ಮಗು ಅದಕ್ಕೇ ಕಾಯುತ್ತಿತ್ತು.

ಡಬ್ಬಿ ನೆಲಕ್ಕಿಟ್ಟು, ಕೈ ಮೇಲೆತ್ತಿ ಎರಡು ಸಲ ಅಲ್ಲಾಡಿಸಿದೆ. ಓರೆಗಣ್ಣಲ್ಲಿ ಕಂಡಳು. ತಲೆ ಬಾಗಿಸಿ ಹಿಂದಕ್ಕೆ ಹೊರಟಳು. ಲಂಗ ಗಂಟೆಯ ಹಾಗೆ ಮೆಲ್ಲಗೆ ತೂಗುತ್ತಿತ್ತು, ಕಾಲು ಇದೆಯೋ ಇಲ್ಲವೋ ಎಂಬಂತೆ ಜಾರುತ್ತಾ ಪರದೆಯೊಳಗೆ ಹೋದಳು. ಒಂದು ಹನಿ ಚೆಲ್ಲಲಿಲ್ಲ.

ಟೀಚರ್ ನನ್ನ ಹತ್ತಿರ ಬಂದು, ಯಾರು ನೀವು, ಮಗುವಿಗೆ ಏನು ಸನ್ನೆ ಮಾಡಿದಿರಿ ಎಂದು ಹಿಂದಿಯಲ್ಲಿ ಕೇಳಿದರು. ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಅವರು ನಕ್ಕು, ಪಾತ್ರ ಅವಳದೇ, ಆದರೆ ಉಳಿದ ಏಳು ಸಖಿಯರೂ ದಿನಾ ಬೀಳುತ್ತಿದ್ದಾರೆ, ನಿಮಗೆ ಸಮಯ ಉಂಟಾ ಎಂದರು.

ಸಮಯವಾ? ಚಪ್ಪಲಿ ಬಿಟ್ಟು ವೇದಿಕೆ ಹತ್ತಿದೆ. ಇಂಗ್ಲೆಂಡಿನ ಎಂಟು ದೊಡ್ಡ ಮನೆತನದ ಹೆಂಗಸರು ನನ್ನ ಎಡಬಲದಲ್ಲಿ ಸಾಲಾಗಿ ನಿಂತರು.

"ಅಜ್ಜ, ಮೆಲ್ಲ ಹೋಗಿ," ಎಂದು ನಮ್ಮವಳು ಕಿವಿಯಲ್ಲಿ ಹೇಳಿದಳು, "ಇವರಿಗೆ ಇನ್ನೂ ಬರುದಿಲ್ಲ."